ಕಪಾಟಿನಲ್ಲುಳಿದ ಚೀಟಿ

(ಶಾಲಾ ಶತಮಾನೋತ್ಸವದ ಅಂಗವಾಗಿ ಜರಗಿದ ಹೆತ್ತವರ ಹಾಗೂ ಹಳೆ ವಿದ್ಯಾರ್ಥಿಗಳ ಸಮಾವೇಶದಲ್ಲಿ ಮುಖ್ಯೋಪಾಧ್ಯಾಯಿನಿಯವರು ಮಾಡಿದ ಭಾಷಣದ ಲಿಖಿತ ರೂಪ)



ನೂರು ವರ್ಷ ತುಂಬಿದ ಶಾಲೆಯ ಉತ್ಸವದಲ್ಲಿ ಮುಖ್ಯೋಪಾಧ್ಯಾಯಿನಿ ಮಾತನಾಡಲು ನಿಂತರೆ ಏನು ಹೇಳಬಹುದೆಂದು ತಮಗೆಲ್ಲ ಗೊತ್ತು. ಶಾಲೆಯ ಚರಿತ್ರೆ, ದಾನಿಗಳ ಸ್ಮರಣೆ, ಗಡಿನಾಡಿನ ಕನ್ನಡದ ಅಳಿವು ಉಳಿವು ಇವು ರೂಢಿಯ ವಿಷಯಗಳು. ಅವನ್ನೆಲ್ಲ ಈ ಸಂಪುಟದ ಬೇರೆ ಪುಟಗಳಲ್ಲಿ ಬಲ್ಲವರು ಬರೆದಿದ್ದಾರೆ. ನಾವಾದರೋ ಇಂದು ಒಂದು ಕಾಯಿಲೆಯ ಕುರಿತು ಮಾತನಾಡಲು ಅಪ್ಪಣೆ ಬೇಡುತ್ತೇವೆ. ಕಾಯಿಲೆ ಎಂಬ ಮಾತೂ ಪೂರ್ತಿ ಸರಿಯಲ್ಲ. ಅದು ಹುಟ್ಟಿನಿಂದ ಬರುವ, ಜೀವಮಾನವೆಲ್ಲ ಜೊತೆಗಿರುವ, ಎಚ್ಚರವಿದ್ದರೆ ಏನೂ ಕೆಡುಕು ಮಾಡದ ರಕ್ತದ ಒಂದು ಗುಣ. ಅದರ ಹೆಸರು ಗ್ಲೂಕೋಸ್-6-ಫಾಸ್ಫೇಟ್ ಡೀಹೈಡ್ರೋಜಿನೇಸ್ ಎಂಬ ಕಿಣ್ವದ ಕೊರತೆ. ವೈದ್ಯರು ಚಿಕ್ಕದಾಗಿ ಜಿ-6-ಪಿಡಿ ಎನ್ನುತ್ತಾರೆ.

ಈ ವಿಷಯವನ್ನು ಆರಿಸಿಕೊಂಡದ್ದಕ್ಕೆ ಕಾರಣವಿದೆ. ಕೆಲವು ವರ್ಷಗಳ ಹಿಂದೆ ನಮ್ಮ ಶಾಲೆಯಲ್ಲಿ ಒಂದು ತಪ್ಪು ನಡೆಯಿತು. ಆ ತಪ್ಪು ನಮ್ಮದೇ. ಶತಮಾನದ ಹೆಮ್ಮೆಯನ್ನು ಹೇಳಿಕೊಳ್ಳುವ ದಿನ ಅದನ್ನೂ ಹೇಳಿಕೊಳ್ಳದಿದ್ದರೆ ನಮ್ಮ ಮಾತು ಅರ್ಧವಾದೀತು.

ಐದನೆಯ ತರಗತಿಯ ಒಬ್ಬ ಹುಡುಗ ಓಣಂ ರಜೆಯಲ್ಲಿ ಮಂಗಳೂರಿಗೆ, ಅಲ್ಲಿ ಕಟ್ಟಡ ಕೆಲಸದಲ್ಲಿದ್ದ ತಂದೆಯ ಬಳಿಗೆ ಹೋಗಿ ಬಂದ. ರಜೆ ಮುಗಿದು ಎರಡು ವಾರಗಳಾಗುವಷ್ಟರಲ್ಲಿ ಚಳಿಜ್ವರ ಹಿಡಿಯಿತು. ರಕ್ತ ಪರೀಕ್ಷೆಯಲ್ಲಿ ಮಲೇರಿಯವೆಂದು ತಿಳಿಯಿತು. ತಾಯಿ ತವರಿನಲ್ಲಿ ಬಾಣಂತನದಲ್ಲಿದ್ದರು. ಹುಡುಗನನ್ನು ಕರೆದೊಯ್ದವರು ಅಜ್ಜಿ. ಬೇರೆ ಏನಾದರೂ ತೊಂದರೆ ಉಂಟೇ ಎಂದು ಕೇಳಿದ್ದಕ್ಕೆ ಅವರು ತಮಗೆ ತಿಳಿದಂತೆ ಇಲ್ಲವೆಂದರು. ಎರಡು ಬಗೆಯ ಗುಳಿಗೆಗಳು ಬಂದವು. ಒಂದು ಬಗೆಯದು ಜ್ವರವನ್ನು ಇಳಿಸಿತು. ಇನ್ನೊಂದು ಹದಿನಾಲ್ಕು ದಿನ ತಪ್ಪದೆ ನುಂಗಬೇಕಾದದ್ದು. ಅಜ್ಜಿ ಅದನ್ನು ನಿಷ್ಠೆಯಿಂದ ನುಂಗಿಸಿದರು. ಜ್ವರ ಬಿಟ್ಟ ಕಾರಣ ಹುಡುಗ ಶಾಲೆಗೂ ಬಂದ.

ಬಂದ ದಿನ ಅವನು ಮೂರು ಬಾರಿ ಹೊರಗೆ ಹೋಗಲು ಅನುಮತಿ ಕೇಳಿದ. ಮೂರನೆಯ ಬಾರಿ, "ಟೀಚರ್, ಮೂತ್ರ ಕಾಪಿಯ ಹಾಗೆ ಕಪ್ಪಾಗಿ ಹೋಗ್ತದೆ" ಎಂದ. ಜ್ವರದಲ್ಲಿ ನೀರು ಕುಡಿಯದಿದ್ದರೆ ಹಾಗಾಗುತ್ತದೆ, ಚೆನ್ನಾಗಿ ನೀರು ಕುಡಿ ಎಂದು ನಮ್ಮಲ್ಲೊಬ್ಬರು ಹೇಳಿ ಕಳುಹಿಸಿದರು. ಮಧ್ಯಾಹ್ನ ಊಟಕ್ಕೆ ತಟ್ಟೆ ಹಿಡಿದು ನಿಂತಾಗ ಅಡುಗೆಯ ಅಕ್ಕ ಅವನ ಮುಖವನ್ನು ಬೆಳಕಿಗೆ ತಿರುಗಿಸಿ ನೋಡಿ, "ಮಗಾ, ನಿನ್ನ ಕಣ್ಣು ಯಾಕೆ ಹಳದಿ ಉಂಟು?" ಎಂದು ಕೇಳಿದರು. ಅನ್ನದ ಸೌಟನ್ನು ಅಲ್ಲೇ ಇಟ್ಟು ಕಚೇರಿಗೆ ಬಂದು ತಿಳಿಸಿದವರೂ ಅವರೇ. ಸಂಜೆಗೆ ಹುಡುಗ ಆಸ್ಪತ್ರೆಯಲ್ಲಿದ್ದ. ಹಿಮೋಗ್ಲೋಬಿನ್ ಐದು ಗ್ರಾಮಿಗೆ ಇಳಿದಿತ್ತು. ರಕ್ತ ಕೊಡಬೇಕಾಯಿತು. ಮಗು ಬದುಕಿತು.

ಮರುದಿನ ಹಸುಗೂಸನ್ನು ಎತ್ತಿಕೊಂಡೇ ಓಡಿಬಂದ ತಾಯಿ ಆಸ್ಪತ್ರೆಯ ಜಗಲಿಯಲ್ಲಿ ನಮ್ಮನ್ನು ಕಂಡರು. ಬೈಯಲಿಲ್ಲ, ಅಳಲೂ ಇಲ್ಲ. "ಸೇರಿಸುವಾಗ ಚೀಟಿ ಶಾಲೆಗೆ ಕೊಟ್ಟಿದ್ದೆನಲ್ಲ ಟೀಚರ್" ಎಂದಷ್ಟೇ ಹೇಳಿದರು. ನಾವು ಶಾಲೆಗೆ ಮರಳಿ ಕಪಾಟು ತೆರೆದು ಆ ವರ್ಷದ ಪ್ರವೇಶ ಅರ್ಜಿಗಳ ಕಟ್ಟನ್ನು ಬಿಚ್ಚಿದೆವು. ಚೀಟಿ ಅಲ್ಲಿಯೇ ಇತ್ತು. ಹುಟ್ಟಿದ ಮೂರನೆಯ ದಿನ ಮೈ ಹಳದಿಯಾದಾಗ ಮಾಡಿಸಿದ ಪರೀಕ್ಷೆಯ ನಕಲು, ಕೆಳಗೆ ತಪ್ಪಿಸಬೇಕಾದ ಔಷಧಗಳ ಪಟ್ಟಿ. ಬರೆದದ್ದು ಇಂಗ್ಲಿಷಿನಲ್ಲಿ, ಕೊನೆಯ ಎರಡು ಸಾಲು ಮಲಯಾಳದಲ್ಲಿ. ನೆತ್ತಿಯ ಮೇಲೆ ಕೆಂಪು ಪೆನ್ಸಿಲಿನಲ್ಲಿ ನಮ್ಮ ಕಚೇರಿಯ ಗುರುತು: ಲಗತ್ತು 3. ಐದು ವರ್ಷ ಅದನ್ನು ಯಾರೂ ಓದಿರಲಿಲ್ಲ. ಅಕ್ಷರ ಕಲಿಸುವ ಮನೆಯಲ್ಲಿ ಓದದೆ ಉಳಿದ ಆ ಒಂದು ಹಾಳೆಯ ನೆನಪಿನಲ್ಲಿ ಇಂದಿನ ಈ ಮಾತು.

ಈಗ ಆ ಹಾಳೆಯಲ್ಲಿ ಇದ್ದುದೇನೆಂಬುದನ್ನು ನಮ್ಮ ಭಾಷೆಯಲ್ಲಿ ವಿವರಿಸಲು ಯತ್ನಿಸುತ್ತೇವೆ.

ನಮ್ಮ ಕೆಂಪು ರಕ್ತಕಣದ ಆಯುಷ್ಯ ಸುಮಾರು 120 ದಿನ. ಅಷ್ಟು ದಿನವೂ ಅದು ಆಮ್ಲಜನಕವನ್ನು ಹೊತ್ತು ತಿರುಗುತ್ತದೆ. ಕಡಲ ಗಾಳಿಗೆ ಒಡ್ಡಿದ ಕಿಟಕಿಯ ಸಲಾಕೆ ತುಕ್ಕು ಹಿಡಿಯುವುದನ್ನು ಈ ಊರಿನವರು ಬಲ್ಲರು. ಆಮ್ಲಜನಕದ ಒಡನಾಟದಲ್ಲಿರುವ ರಕ್ತಕಣಕ್ಕೂ ಅಂಥದೇ ಅಪಾಯ ಸದಾ ಇರುತ್ತದೆ. ಅದರಿಂದ ಕಾಪಾಡಲು ಕಣದೊಳಗೆ ಗ್ಲುಟಾಥಯೋನ್ ಎಂಬ ರಕ್ಷಕ ದ್ರವ್ಯವಿದೆ. ದುಡಿದು ಸವೆದ ಆ ದ್ರವ್ಯವನ್ನು ಮತ್ತೆ ಮತ್ತೆ ಹೊಸದಾಗಿಸುವ ಕೆಲಸಕ್ಕೆ ನೆರವಾಗುವುದು ಈ ಜಿ-6-ಪಿಡಿ ಕಿಣ್ವ. ದೇಹದ ಇತರ ಜೀವಕೋಶಗಳಿಗೆ ಈ ಕೆಲಸಕ್ಕೆ ಬೇರೆ ದಾರಿಗಳೂ ಇವೆ. ಕೆಂಪು ರಕ್ತಕಣಕ್ಕೆ ಮಾತ್ರ ಇದೊಂದೇ ದಾರಿ.

ಕಿಣ್ವ ಕಡಿಮೆಯಿರುವವರಲ್ಲಿ ಸಾಮಾನ್ಯ ದಿನಗಳಲ್ಲಿ ಏನೂ ತೋರದು. ಅವರು ಎಲ್ಲರಂತೆ ಓದುತ್ತಾರೆ, ಓಡುತ್ತಾರೆ, ದುಡಿಯುತ್ತಾರೆ. ಆದರೆ ಕೆಲವು ಔಷಧಗಳು, ಒಂದು ಜಾತಿಯ ಕಾಳು, ಕೆಲವು ರಾಸಾಯನಿಕಗಳು ದೇಹಕ್ಕೆ ಸೇರಿದಾಗ ಅಥವಾ ತೀವ್ರವಾದ ಸೋಂಕು ತಗಲಿದಾಗ ರಕ್ತಕಣಗಳು ಗುಂಪುಗುಂಪಾಗಿ ಒಡೆಯುತ್ತವೆ. ಒಡೆದ ಕಣಗಳ ಬಣ್ಣವೇ ಮೂತ್ರದಲ್ಲಿ ಕಪ್ಪಾಗಿ, ಕಣ್ಣಿನಲ್ಲಿ ಹಳದಿಯಾಗಿ ಕಾಣುವುದು. ಇದು ಔಷಧ ಸೇವಿಸಿದ ಒಂದರಿಂದ ಮೂರು ದಿನಗಳಲ್ಲಿ ಸಾಮಾನ್ಯವಾಗಿ ತಲೆದೋರುತ್ತದೆ. ಗುಳಿಗೆ ನುಂಗಿದ ಕೂಡಲೇ ಏನೂ ಆಗದ ಕಾರಣ, ಗುಳಿಗೆಗೂ ತೊಂದರೆಗೂ ಇರುವ ಸಂಬಂಧ ಮನೆಯವರಿಗೆ ಹೊಳೆಯುವುದಿಲ್ಲ.

ಇದು ಎಲ್ಲೋ ಒಬ್ಬಿಬ್ಬರಿಗೆ ಬರುವ ವಿಚಿತ್ರವೂ ಅಲ್ಲ. ಜಗತ್ತಿನಲ್ಲಿ ಸುಮಾರು 40 ಕೋಟಿ ಜನರಲ್ಲಿ ಈ ಕೊರತೆ ಇದೆಯೆಂದು ಅಂದಾಜು. ಮಲೇರಿಯ ಹೆಚ್ಚಾಗಿದ್ದ ನಾಡುಗಳಲ್ಲೇ ಇದೂ ಹೆಚ್ಚು. ಈ ಕೊರತೆಯುಳ್ಳ ರಕ್ತಕಣದಲ್ಲಿ ಮಲೇರಿಯದ ಪರೋಪಜೀವಿ ಸುಲಭವಾಗಿ ಬೆಳೆಯಲಾರದಾದ್ದರಿಂದ, ಸಾವಿರಾರು ವರ್ಷಗಳ ಕಾಲ ಇದು ನಮ್ಮ ಹಿರಿಯರಲ್ಲಿ ಕೆಲವರನ್ನು ಕಾಪಾಡಿರಬೇಕೆಂದು ವಿಜ್ಞಾನಿಗಳು ತಿಳಿಯುತ್ತಾರೆ. ಭಾರತದಲ್ಲಿ ಕಂಡುಬರುವ ಇದರ ಪ್ರಭೇದಗಳಲ್ಲಿ ಒಂದಕ್ಕೆ ಕೇರಳ-ಕಲ್ಯಾಣ್ ಎಂದೂ ಇನ್ನೊಂದಕ್ಕೆ ಒರಿಸ್ಸಾ ಎಂದೂ ಹೆಸರಿದೆ. ಇದನ್ನು ದೋಷವೆಂದು ಹಳಿಯುವವರು, ಒಂದು ಕಾಲದಲ್ಲಿ ಇದೇ ರಕ್ಷೆಯಾಗಿತ್ತೆಂಬುದನ್ನೂ ನೆನೆಯಬೇಕು.

ಪ್ರೈಮಾಕ್ವಿನ್ ಎಂಬ ಮಲೇರಿಯ ಔಷಧವನ್ನು ಸೇವಿಸಿದ ಕೆಲವರಿಗೆ ಮಾತ್ರ ರಕ್ತ ಒಡೆಯುವುದೇಕೆ ಎಂಬ ಪ್ರಶ್ನೆಯಿಂದಲೇ ಈ ಕೊರತೆಯ ಶೋಧ ಆರಂಭವಾಯಿತು. ಅಮೆರಿಕದ ಇಲಿನಾಯ್ ಪ್ರಾಂತದ ಸೆರೆಮನೆಯೊಂದರಲ್ಲಿ ಕೈದಿಗಳ ಮೇಲೆ ನಡೆದ ಪ್ರಯೋಗಗಳಲ್ಲಿ ಈ ಪ್ರಶ್ನೆಯನ್ನು ಬೆನ್ನಟ್ಟಿದರು. 1956ರಲ್ಲಿ ಪಾಲ್ ಕಾರ್ಸನ್ ಮತ್ತು ಅವರ ಸಂಗಡಿಗರು ಕಾರಣ ಈ ಕಿಣ್ವದ ಕೊರತೆಯೆಂದು ಪ್ರಕಟಿಸಿದರು. ಅದೇ 1956ರ ನವೆಂಬರ್ 1ರಂದು ನಮ್ಮ ಕಾಸರಗೋಡು ದಕ್ಷಿಣ ಕನ್ನಡದಿಂದ ಬೇರ್ಪಟ್ಟು ಕೇರಳಕ್ಕೆ ಸೇರಿತು. ಎರಡಕ್ಕೂ ಸಂಬಂಧವೇನೂ ಇಲ್ಲ. ಆದರೆ ನಮ್ಮ ಹುಡುಗನ ಹಾಸಿಗೆಯ ಬಳಿ ಕುಳಿತಾಗ ಈ ಎರಡೂ ಒಟ್ಟಿಗೆ ನೆನಪಾದವು. ರೋಗದ ಕಾರಣ ಜಗತ್ತಿಗೆ ತಿಳಿದು ಅರುವತ್ತು ವರ್ಷಗಳಾಗಿದ್ದವು. ಆ ತಿಳಿವಳಿಕೆ ಚೀಟಿಯಾಗಿ ಅವನ ಮನೆಗೂ ಬಂದಿತ್ತು. ಆ ಮನೆಯವರು ಓದಬಲ್ಲ ಲಿಪಿಯಲ್ಲಿ ಮಾತ್ರ ಬಂದಿರಲಿಲ್ಲ.

ಇದು ಹೇಗೆ ವಂಶದಲ್ಲಿ ಇಳಿಯುತ್ತದೆಂಬುದನ್ನು ಸ್ವಲ್ಪ ಬಿಡಿಸಿ ಹೇಳಬೇಕಾಗಿದೆ. ಈ ಕಿಣ್ವದ ಸೂಚನೆ ಇರುವುದು ಎಕ್ಸ್ ಎಂಬ ವರ್ಣತಂತುವಿನಲ್ಲಿ. ಗಂಡುಮಗುವಿಗೆ ಎಕ್ಸ್ ಒಂದೇ, ಅದು ತಾಯಿಯಿಂದ ಬಂದದ್ದು. ಹೆಣ್ಣುಮಗುವಿಗೆ ಎರಡು, ತಾಯಿಯಿಂದೊಂದು, ತಂದೆಯಿಂದೊಂದು. ತಾಯಿಯ ಎರಡು ಎಕ್ಸ್‌ಗಳಲ್ಲಿ ಒಂದರಲ್ಲಿ ಮಾತ್ರ ಕೊರತೆಯಿದ್ದರೆ ಆಕೆಯ ಪ್ರತಿಯೊಂದು ಗಂಡುಮಗುವಿಗೂ ಅದು ಇಳಿಯುವ ಸಂಭವ ಅರ್ಧಕ್ಕರ್ಧ. ಕೊರತೆಯುಳ್ಳ ತಂದೆಯಿಂದ ಗಂಡುಮಕ್ಕಳಿಗೆ ಅದು ಇಳಿಯದು, ಹೆಣ್ಣುಮಕ್ಕಳೆಲ್ಲರೂ ಅದನ್ನು ಹೊತ್ತುಕೊಳ್ಳುತ್ತಾರೆ. ಹೊತ್ತ ಹೆಣ್ಣುಮಕ್ಕಳಲ್ಲಿ ಕೆಲವರಿಗೆ ಏನೂ ತೊಂದರೆಯಾಗದು, ಕೆಲವರಲ್ಲಿ ಕಿಣ್ವ ಬಹಳ ಕಡಿಮೆಯಿದ್ದು ಗಂಡುಮಕ್ಕಳಷ್ಟೇ ಎಚ್ಚರ ಬೇಕಾಗುತ್ತದೆ. ಆದ್ದರಿಂದ ಇದು ಗಂಡುಮಕ್ಕಳ ಕಾಯಿಲೆ, ಹುಡುಗಿಯರನ್ನು ನೋಡಬೇಕಾಗಿಲ್ಲವೆಂಬುದು ತಪ್ಪು ತಿಳಿವಳಿಕೆ.

ತಾಯಿಯಿಂದ ಬರುತ್ತದೆಂಬ ಮಾತನ್ನು ಹಿಡಿದುಕೊಂಡು ಮನೆಗಳಲ್ಲಿ ಸೊಸೆಯಂದಿರನ್ನು ನೋಯಿಸುವುದನ್ನು ನಾವು ಕಂಡಿದ್ದೇವೆ. ಆ ಹುಡುಗನ ತಾಯಿ ಚೀಟಿಯ ವಿಷಯವನ್ನು ಅತ್ತೆಗೆ ತಿಳಿಸದೆ ಇದ್ದುದಕ್ಕೆ ಅದೇ ಕಾರಣವಾಗಿತ್ತು. "ನಿನ್ನ ತವರಿನ ರಕ್ತ" ಎಂಬ ಮಾತು ಕೇಳಬೇಕಾದೀತೆಂಬ ಭಯದಿಂದ ಆಕೆ ಚೀಟಿಯನ್ನು ಸೀರೆಗಳ ನಡುವೆ ಇಟ್ಟರು, ನಕಲನ್ನು ನಮಗೆ ಕೊಟ್ಟರು. ನಮ್ಮನ್ನು ನಂಬಿದರು. ಹಿರಿಯರಲ್ಲಿ ನಮ್ಮ ಪ್ರಾರ್ಥನೆ ಇಷ್ಟೇ. ಯಾರೂ ಬಯಸಿ ಕೊಟ್ಟದ್ದಲ್ಲ, ಯಾರೂ ಕೇಳಿ ಪಡೆದದ್ದಲ್ಲ. ಮನೆಯಲ್ಲಿ ನಿಂದೆ ಇದ್ದರೆ ಅಲ್ಲಿ ಮುಚ್ಚುಮರೆ ಹುಟ್ಟುತ್ತದೆ. ಮುಚ್ಚುಮರೆಯಿಂದ ಅಪಾಯವಾಗುವುದು ಮಗುವಿಗೆ. ಅಜ್ಜಿಗೆ ಗೊತ್ತಿದ್ದರೆ ಅಂದು ಅವರೇ ಬಾಯಿಬಿಟ್ಟು ಹೇಳುತ್ತಿದ್ದರು.

ಇನ್ನು ಔಷಧಗಳ ವಿಚಾರ. ಮುಖ್ಯವಾದವುಗಳ ಹೆಸರನ್ನು ನಿಧಾನವಾಗಿ ಹೇಳುತ್ತೇವೆ, ಬರೆದುಕೊಳ್ಳಿರಿ. ಮಲೇರಿಯಕ್ಕೆ ಕೊಡುವ ಪ್ರೈಮಾಕ್ವಿನ್ ಮತ್ತು ಟಫೆನೋಕ್ವಿನ್. ಕುಷ್ಠರೋಗಕ್ಕೂ ಕೆಲವು ಚರ್ಮರೋಗಗಳಿಗೂ ಕೊಡುವ ಡ್ಯಾಪ್ಸೋನ್. ಮೂತ್ರದ ಸೋಂಕಿಗೆ ಕೊಡುವ ನೈಟ್ರೋಫುರಾಂಟೋಯಿನ್, ಮೂತ್ರದ ಉರಿಗೆ ಕೊಡುವ ಫೆನಾಜೋಪಿರಿಡಿನ್. ಆಸ್ಪತ್ರೆಗಳಲ್ಲಿ ವಿಶೇಷ ಸಂದರ್ಭಗಳಲ್ಲಿ ಬಳಸುವ ಮೆಥಿಲೀನ್ ಬ್ಲೂ ಮತ್ತು ರಾಸ್‌ಬ್ಯೂರಿಕೇಸ್. ಇವು ಖಚಿತವಾಗಿ ಅಪಾಯವೆಂದು ತಿಳಿದವು. ಸಲ್ಫಾ ವರ್ಗದ ಔಷಧಗಳೂ ನ್ಯಾಲಿಡಿಕ್ಸಿಕ್ ಆಮ್ಲವೂ ಎಚ್ಚರದ ಪಟ್ಟಿಯಲ್ಲಿವೆ. ಇನ್ನೂ ಹಲವು ಹೆಸರುಗಳು ಒಂದು ಪಟ್ಟಿಯಲ್ಲಿದ್ದು ಇನ್ನೊಂದರಲ್ಲಿ ಇಲ್ಲದಿರುವುದನ್ನು ಕಾಣುತ್ತೀರಿ. ಕೊರತೆ ಎಷ್ಟು, ಪ್ರಮಾಣ ಎಷ್ಟು, ರೋಗ ಎಂಥದು ಎಂಬುದರ ಮೇಲೆ ಅವು ನಿಂತಿವೆ. ಅದನ್ನು ತೀರ್ಮಾನಿಸಬೇಕಾದವರು ವೈದ್ಯರು. ಅವರು ತೀರ್ಮಾನಿಸಬೇಕಾದರೆ ಕೊರತೆ ಇದೆಯೆಂದು ಅವರಿಗೆ ಹೇಳುವುದು ನಮ್ಮ ಕೆಲಸ.

ಎರಡು ಮಾತನ್ನು ಒತ್ತಿ ಹೇಳಬೇಕಾಗಿದೆ. ಮೊದಲನೆಯದು, ಮಲೇರಿಯ ಬಂದರೆ ಔಷಧವೇ ಬೇಡವೆಂದು ಮನೆಯಲ್ಲಿ ಕುಳಿತುಕೊಳ್ಳಬಾರದು. ನಮ್ಮ ಕಡೆ ಕಾಣುವ ವೈವಾಕ್ಸ್ ಜಾತಿಯ ಮಲೇರಿಯ ಪಿತ್ತಜನಕಾಂಗದಲ್ಲಿ ಅಡಗಿ ಕುಳಿತು ತಿಂಗಳುಗಳ ಬಳಿಕ ಮತ್ತೆ ಬರುತ್ತದೆ. ಅದನ್ನು ಬೇರುಸಹಿತ ಕೀಳಲೆಂದೇ ಪ್ರೈಮಾಕ್ವಿನ್ ಕೊಡುವುದು. ಕೊರತೆಯುಳ್ಳವರಿಗೆ ನಿತ್ಯದ ಹದಿನಾಲ್ಕು ದಿನಗಳ ಕ್ರಮದ ಬದಲು, ವೈದ್ಯರ ಕಣ್ಗಾವಲಿನಲ್ಲಿ ವಾರಕ್ಕೊಮ್ಮೆಯಂತೆ ಎಂಟು ವಾರ ಕೊಡುವ ಕ್ರಮವನ್ನು ವಿಶ್ವ ಆರೋಗ್ಯ ಸಂಸ್ಥೆ ಸೂಚಿಸಿದೆ. ಅದು ಯಾರಿಗೆ ಹೊಂದುತ್ತದೆಂಬುದನ್ನು ವೈದ್ಯರೇ ನಿರ್ಧರಿಸಬೇಕು. ಎರಡನೆಯದು, ಎಲ್ಲ ಗುಳಿಗೆಗಳಿಗೂ ಹೆದರಬಾರದು. ಜ್ವರಕ್ಕೆ ಕೊಡುವ ಪ್ಯಾರಾಸಿಟಮಾಲ್ ಸರಿಯಾದ ಪ್ರಮಾಣದಲ್ಲಿ ಅಪಾಯವಲ್ಲ. ಶಾಲೆಯಲ್ಲಿ ವಾರಕ್ಕೊಮ್ಮೆ ಕೊಡುವ ಕಬ್ಬಿಣಾಂಶದ ಗುಳಿಗೆ ಈ ಪಟ್ಟಿಯಲ್ಲಿಲ್ಲ. ಮಕ್ಕಳಿಗೆ ಹಾಕಿಸುವ ಲಸಿಕೆಗಳನ್ನೂ ಈ ಕಾರಣಕ್ಕಾಗಿ ತಪ್ಪಿಸಬೇಕಾಗಿಲ್ಲ.

ಆಹಾರದ ವಿಷಯದಲ್ಲಿ ನಾವು ಇನ್ನೊಂದು ತಪ್ಪು ಮಾಡಿದೆವು. ಅದನ್ನೂ ಹೇಳಿಬಿಡುತ್ತೇವೆ. ಹುಡುಗ ಗುಣವಾಗಿ ಮರಳಿದ ಮೇಲೆ, ಪಶ್ಚಾತ್ತಾಪದ ಭರದಲ್ಲಿ ಆ ಚೀಟಿಯನ್ನು ಕನ್ನಡಕ್ಕೆ ತಂದು ಮನೆಗೆ ಕೊಟ್ಟೆವು. ಅದರಲ್ಲಿ ತಿನ್ನಬಾರದ ಕಾಳೊಂದರ ಹೆಸರು ಇಂಗ್ಲಿಷಿನಲ್ಲಿತ್ತು. ನಿಘಂಟು ನೋಡಿ ನಾವು ಅದನ್ನು ಅವರೆ ಎಂದು ಬರೆದೆವು. ಅವರೆ ಬೇಡವೆಂದ ಮೇಲೆ ಅದರ ಬಂಧುಗಳೂ ಬೇಡವೆಂದು ಮನೆಯವರು ಅಲಸಂಡೆ, ಹೆಸರು, ಕಡಲೆ, ಹುರುಳಿ ಎಲ್ಲವನ್ನೂ ನಿಲ್ಲಿಸಿದರು. ಶಾಲೆಯ ಮಧ್ಯಾಹ್ನದೂಟದಲ್ಲಿ ಹೆಸರುಕಾಳಿನ ಪಲ್ಯ ಬಡಿಸಿದ ದಿನ ಅವನು ಬರಿಯ ಅನ್ನ, ಮಜ್ಜಿಗೆ ಉಣ್ಣುತ್ತಿದ್ದ. ಮೀನು, ಮೊಟ್ಟೆ ಅಪರೂಪವಾದ ಆ ಮನೆಯಲ್ಲಿ ಬೆಳೆಯುವ ಮಗುವಿಗೆ ಬಲ ಕೊಡುತ್ತಿದ್ದುದೇ ಕಾಳು. ಹೀಗೆ ಏಳೆಂಟು ತಿಂಗಳು ನಡೆಯಿತು.

ಸಸ್ಯಶಾಸ್ತ್ರ ಬೋಧಿಸಿ ನಿವೃತ್ತರಾದ ನಮ್ಮ ಹಳೆ ವಿದ್ಯಾರ್ಥಿಯೊಬ್ಬರು ಒಮ್ಮೆ ಶಾಲೆಗೆ ಬಂದಾಗ ಆ ಹಾಳೆ ನೋಡಿ ನಕ್ಕು, ಆಮೇಲೆ ಗಂಭೀರರಾಗಿ ತಿದ್ದಿದರು. ಅಪಾಯಕಾರಿಯಾದದ್ದು ವಿಸಿಯಾ ಫಾಬಾ ಎಂಬ ಜಾತಿಯ ಕಾಳು. ಉತ್ತರ ಭಾರತದಲ್ಲಿ ಬಾಕಲಾ ಎನ್ನುತ್ತಾರೆ. ನಮ್ಮ ಅವರೆ ಲ್ಯಾಬ್‌ಲ್ಯಾಬ್ ಎಂಬ ಬೇರೆಯೇ ಕುಲಕ್ಕೆ ಸೇರಿದ್ದು. ಬಾಕಲಾದಲ್ಲಿ ವಿಸಿನ್, ಕಾನ್‌ವಿಸಿನ್ ಎಂಬ ವಸ್ತುಗಳಿವೆ. ಅವು ಜೀರ್ಣವಾಗುವಾಗ ಹುಟ್ಟುವ ದ್ರವ್ಯಗಳೇ ರಕ್ತಕಣವನ್ನು ಒಡೆಯುವುದು. ಬೇಯಿಸಿದ ಮಾತ್ರಕ್ಕೆ ಆ ಅಪಾಯ ತಪ್ಪದು. ನಮ್ಮ ಅಡುಗೆಮನೆಯ ತೊಗರಿ, ಉದ್ದು, ಹೆಸರು, ಕಡಲೆ, ಅಲಸಂಡೆಗಳನ್ನು ಈ ಕಾರಣಕ್ಕೆ ಬಿಡಬೇಕಾದ ಅಗತ್ಯವಿಲ್ಲ. ಒಂದು ಶಬ್ದದ ತಪ್ಪು ಅನುವಾದ ಮಗುವಿನ ತಟ್ಟೆಯಿಂದ ಅರ್ಧ ಊಟವನ್ನು ಕಸಿದುಕೊಂಡಿತ್ತು.

ಹಾಗಾದರೆ ಬಾಕಲಾ ನಮ್ಮ ಊರಿನಲ್ಲಿ ಬೆಳೆಯುವುದಿಲ್ಲವಲ್ಲ, ಚಿಂತೆಯೇಕೆ ಎನ್ನಬಹುದು. ಕಾಸರಗೋಡಿನ ಮನೆಗಳಿಗೆ ಕೊಲ್ಲಿ ದೇಶಗಳು ನೆರೆಯೂರಿದ್ದಂತೆ. ಅಲ್ಲಿ ಮುಂಜಾನೆಯ ತಿಂಡಿಗೆ ಫೂಲ್ ಎಂಬ ಹೆಸರಿನಲ್ಲಿ ಉಣ್ಣುವುದು ಇದೇ ಕಾಳನ್ನು. ಈಜಿಪ್ಟಿನ ಕ್ರಮದಲ್ಲಿ ಮಾಡಿದ ಫಲಾಫಲ್ ವಡೆಗೂ ಇದೇ ಕಾಳು. ರಜೆಗೆ ಬಂದವರ ಪೆಟ್ಟಿಗೆಯಲ್ಲಿ ಇದರ ಡಬ್ಬಿ ಬರುವುದುಂಟು. ಹುರಿದು ಖಾರ ಹಚ್ಚಿದ ಪೊಟ್ಟಣಗಳೂ ಅಂಗಡಿಗಳಲ್ಲಿ ಸಿಗುತ್ತವೆ. ಇಲ್ಲಿ ಕುಳಿತಿರುವ ಹಳೆ ವಿದ್ಯಾರ್ಥಿಗಳಲ್ಲಿ ಅನೇಕರು ಅಲ್ಲಿಯೇ ದುಡಿಯುವವರು. ಮಕ್ಕಳಿಗೆ ಕೊರತೆಯಿದ್ದರೆ ಡಬ್ಬಿಯ ಮೇಲಿನ ಹೆಸರನ್ನು ಓದಿರಿ. ಮೊಲೆಯೂಡುವ ತಾಯಿ ತಿಂದರೂ ಹಾಲಿನ ಮೂಲಕ ಕೂಸಿಗೆ ತೊಂದರೆಯಾದದ್ದುಂಟು. ಹಾಗಾಗಿ ಆಕೆಯೂ ಅದನ್ನು ಬಿಡಬೇಕು. ಔಷಧಗಳ ವಿಷಯದಲ್ಲೂ ಹಾಗೆಯೇ.

ತಿನ್ನದ ವಸ್ತುವಿನಿಂದಲೂ ಅಪಾಯ ಉಂಟಾಗಬಹುದು. ಪೆಟ್ಟಿಗೆಯಲ್ಲಿ ಬಟ್ಟೆಗಳ ನಡುವೆ ಹಾಕುವ ಬಿಳಿಯ ನುಸಿಗುಳಿಗೆಗಳಲ್ಲಿ ನ್ಯಾಫ್ತಲೀನ್ ಇರುತ್ತದೆ. ಮಗು ಅದನ್ನು ಮಿಠಾಯಿಯೆಂದು ಬಾಯಿಗೆ ಹಾಕಿಕೊಂಡರೆ ಅನಾಹುತವಾಗುತ್ತದೆ. ನವಜಾತ ಶಿಶುವಿಗಾದರೆ ನುಂಗುವುದೂ ಬೇಕಾಗಿಲ್ಲ. ನುಸಿಗುಳಿಗೆಯ ಜೊತೆ ತಿಂಗಳುಗಟ್ಟಲೆ ಇಟ್ಟ ಹಳೆಯ ಮೆತ್ತನೆ ಸೀರೆಯಲ್ಲಿ ಕೂಸನ್ನು ಸುತ್ತಿದರೂ ಅದರ ಆವಿ ರಕ್ತಕ್ಕೆ ಸೇರುತ್ತದೆ. ಅಜ್ಜಿಯ ಸೀರೆಯಲ್ಲಿ ಮೊಮ್ಮಗುವನ್ನು ಸುತ್ತುವುದು ನಮ್ಮಲ್ಲಿ ಪ್ರೀತಿಯ ಸಂಪ್ರದಾಯ. ಅದು ಇರಲಿ. ಸೀರೆಯನ್ನು ಒಗೆದು ಬಿಸಿಲಿಗೆ ಹಾಕಿರಿ, ಕೊರತೆಯುಳ್ಳ ಮಗುವಿರುವ ಮನೆಯಿಂದ ನುಸಿಗುಳಿಗೆಯನ್ನು ಪೂರ್ತಿಯಾಗಿ ಹೊರಗಿಡಿರಿ. ಮದರಂಗಿಯನ್ನು ಎಳೆಗೂಸಿನ ಅಂಗೈ, ಅಂಗಾಲಿಗೆ ಹಚ್ಚಿದಾಗಲೂ ರಕ್ತ ಒಡೆದ ಪ್ರಸಂಗಗಳು ವೈದ್ಯಕೀಯ ದಾಖಲೆಗಳಲ್ಲಿವೆ. ಮದುವೆ, ಹಬ್ಬಗಳ ಸಡಗರದಲ್ಲಿ ಇದೂ ನೆನಪಿರಲಿ.

ಅಪಾಯದ ಗುರುತುಗಳನ್ನು ಅಧ್ಯಾಪಕರೂ ಹೆತ್ತವರೂ ಬಾಯಿಪಾಠ ಮಾಡಿಕೊಳ್ಳಬೇಕು. ಚಹಾದ ಕಷಾಯದಂತೆ ಅಥವಾ ಕಾಪಿಯಂತೆ ಕಪ್ಪಾದ ಮೂತ್ರ. ಹಳದಿಯಾದ ಕಣ್ಣು. ಬಿಳಿಚಿದ ತುಟಿ, ಉಗುರು. ಎಂದಿಲ್ಲದ ಆಯಾಸ, ಏದುಸಿರು, ಎದೆಬಡಿತ. ಬೆನ್ನಿನ ಅಥವಾ ಹೊಟ್ಟೆಯ ನೋವು. ಇವುಗಳಲ್ಲಿ ಮೂತ್ರದ ಬಣ್ಣವೊಂದೇ ಕಂಡರೂ ಅದೇ ದಿನ ಆಸ್ಪತ್ರೆಗೆ ಹೋಗಬೇಕು. ಆಗ ಕೊಡುತ್ತಿದ್ದ ಎಲ್ಲ ಔಷಧಗಳ ಪೊಟ್ಟಣಗಳನ್ನೂ ಕೈಯಲ್ಲಿ ಹಿಡಿದುಕೊಂಡು ಹೋಗಬೇಕು.

ಕಣ್ಣು ಹಳದಿಯಾಯಿತೆಂದರೆ ನಮ್ಮ ಕಡೆ ಕಾಮಾಲೆಯೆಂದು ನೆಲನೆಲ್ಲಿಯ ರಸ ಕುಡಿಸಿ ಪಥ್ಯ ಹಿಡಿಸುವ ರೂಢಿಯಿದೆ. ಮನೆಮದ್ದನ್ನು ಹೀಗಳೆಯುವುದು ನಮ್ಮ ಉದ್ದೇಶವಲ್ಲ. ಆದರೆ ಈ ಹಳದಿ ಪಿತ್ತಜನಕಾಂಗದ ಕಾಯಿಲೆಯಿಂದ ಬಂದದ್ದಲ್ಲ, ರಕ್ತ ಒಡೆದು ಬಂದದ್ದು. ಮದ್ದು ಫಲಿಸುವುದನ್ನು ಕಾಯುತ್ತ ಮೂರು ದಿನ ಕುಳಿತರೆ ಆ ಮೂರು ದಿನಗಳಲ್ಲಿಯೇ ರಕ್ತ ತಳ ಮುಟ್ಟಬಹುದು. ನಾಟಿ ವೈದ್ಯರ ಬಳಿ ಹೋದರೂ ಕೊರತೆಯ ವಿಷಯವನ್ನು ಅವರಿಗೂ ಹೇಳಿರಿ. ಏನೇನು ಸೇರಿದೆಯೆಂದು ತಿಳಿಯದ ಪುಡಿ, ಲೇಹಗಳನ್ನು ಕೊಡಬೇಡಿರಿ.

ಪರೀಕ್ಷೆ ಸುಲಭ, ಸ್ವಲ್ಪ ರಕ್ತ ಸಾಕು. ಕೇರಳದಲ್ಲಿ ಸರ್ಕಾರಿ ಆಸ್ಪತ್ರೆಗಳ ನವಜಾತ ಶಿಶು ತಪಾಸಣೆಯಲ್ಲಿ ಇದೂ ಸೇರಿದೆ. ಮಗು ಹುಟ್ಟಿದಾಗ ಪಡೆದ ಕಾಗದಗಳನ್ನು ಇಂದೇ ಮನೆಗೆ ಹೋಗಿ ತೆರೆದು ನೋಡಿರಿ. ಹುಟ್ಟಿದ ಮೊದಲ ದಿನಗಳಲ್ಲಿ ಮೈ ತುಂಬ ಹಳದಿಯಾಗಿ ನೀಲಿ ಬೆಳಕಿನಡಿ ಮಲಗಿಸಿದ ಮಕ್ಕಳು, ಸೋದರಮಾವನಿಗೋ ಅಣ್ಣನಿಗೋ ಕೊರತೆಯಿರುವ ಮಕ್ಕಳು ಪರೀಕ್ಷೆ ಮಾಡಿಸಿಕೊಂಡಿಲ್ಲವಾದರೆ ವೈದ್ಯರಲ್ಲಿ ಕೇಳಿರಿ. ಒಂದು ಎಚ್ಚರ ಮಾತ್ರ ಬೇಕು. ರಕ್ತ ಒಡೆದ ಸಮಯದಲ್ಲಿ ಹಳೆಯ ಕಣಗಳು ಹೋಗಿ ಕಿಣ್ವ ಹೆಚ್ಚಿರುವ ಎಳೆಯ ಕಣಗಳೇ ಉಳಿಯುವುದರಿಂದ ಪರೀಕ್ಷೆ ಸರಿಯಿದೆಯೆಂದು ಸುಳ್ಳು ಹೇಳಬಹುದು. ಸುಮಾರು ಮೂರು ತಿಂಗಳ ಬಳಿಕ ಮತ್ತೆ ಮಾಡಿಸಬೇಕು.

ಇಷ್ಟನ್ನೂ ಯಾವುದೇ ಆಸ್ಪತ್ರೆಯಲ್ಲಿ ಹೇಳಿಯಾರು. ಶಾಲೆಯ ಉತ್ಸವದಲ್ಲಿ ಹೇಳಬೇಕಾದ ಕಾರಣ ಬೇರೆ ಇದೆ. ನಮ್ಮ ಮಕ್ಕಳು ಮನೆಯಲ್ಲಿ ತುಳು, ಕೊಂಕಣಿ, ಮರಾಠಿ, ಹವ್ಯಕ ಕನ್ನಡ ಮಾತನಾಡುತ್ತಾರೆ. ಶಾಲೆಯಲ್ಲಿ ಕನ್ನಡ ಓದುತ್ತಾರೆ. ಪೇಟೆಯಲ್ಲಿ ಮಲಯಾಳ ಆಡುತ್ತಾರೆ. ಔಷಧದ ಚೀಟಿ ಇಂಗ್ಲಿಷಿನಲ್ಲಿ ಬರುತ್ತದೆ. ಇಷ್ಟು ಭಾಷೆಗಳಲ್ಲಿ ಬಾಳುವುದು ನಮ್ಮ ಸಂಪತ್ತು ಎಂದು ಭಾಷಣಗಳಲ್ಲಿ ಹೇಳಿಕೊಳ್ಳುತ್ತೇವೆ, ಅದು ನಿಜವೂ ಹೌದು. ಆದರೆ ಮಲಯಾಳವನ್ನು ಸರಾಗವಾಗಿ ಮಾತನಾಡಿ ಅದರ ಲಿಪಿ ಓದಲು ಬಾರದ ತಾಯಂದಿರು ನಮ್ಮಲ್ಲಿ ಬಹಳ ಮಂದಿ. ಅವರ ಕೈಗೆ ಬಂದ ಚೀಟಿಯನ್ನು ಓದಿ ಹೇಳಬೇಕಾದವರು ಯಾರು? ನೂರು ವರ್ಷಗಳ ಹಿಂದೆ ಅಂಚೆಯಣ್ಣ ತಂದ ಕಾಗದವನ್ನು ಓದಿಸಿಕೊಳ್ಳಲು ಊರಿನವರು ಈ ಶಾಲೆಯ ಜಗಲಿಗೆ ಬರುತ್ತಿದ್ದರೆಂದು ಹಿರಿಯರು ಹೇಳುವುದನ್ನು ಕೇಳಿದ್ದೇವೆ. ಆ ಕೆಲಸ ಮುಗಿದಿಲ್ಲವೆಂದು ನಮಗೆ ತಿಳಿಸಿಕೊಟ್ಟದ್ದು ಆ ಲಗತ್ತು 3.

ಆ ಬಳಿಕ ನಾವು ಕೆಲವು ಕ್ರಮಗಳನ್ನು ಕೈಗೊಂಡೆವು. ಪ್ರವೇಶದ ದಿನ ಆರೋಗ್ಯದ ಕಾಗದಗಳನ್ನು ತಾಯಿತಂದೆಯರ ಎದುರಿನಲ್ಲಿಯೇ ಗಟ್ಟಿಯಾಗಿ ಓದಿ, ಕನ್ನಡದಲ್ಲಿ ಹೇಳಿ, ತರಗತಿ ಅಧ್ಯಾಪಕರ ಪುಸ್ತಕದಲ್ಲಿ ಬರೆಯುತ್ತೇವೆ. ವರ್ಷ ಬದಲಾದಾಗ ಅದು ಮುಂದಿನ ಅಧ್ಯಾಪಕರ ಪುಸ್ತಕಕ್ಕೆ ಹೋಗುತ್ತದೆ. ಮಧ್ಯಾಹ್ನದೂಟದ ಅಕ್ಕಂದಿರಿಗೂ ತಿಳಿಸುತ್ತೇವೆ. ಅಂದು ಮಗುವನ್ನು ಉಳಿಸಿದ್ದು ಅವರ ಕಣ್ಣು ಎಂಬುದನ್ನು ನಾವು ಮರೆಯಲಾರೆವು. ಕೊರತೆಯುಳ್ಳ ಮಕ್ಕಳಿಗೆ ಅಂಗೈಯಗಲದ ಒಂದು ಕಾರ್ಡು ಮಾಡಿಸಿ ಕೊಟ್ಟಿದ್ದೇವೆ. ಕನ್ನಡ, ಮಲಯಾಳ, ಇಂಗ್ಲಿಷ್ ಮೂರರಲ್ಲೂ ಅದೇ ಮಾತು ಇದೆ: "ಈ ಮಗುವಿಗೆ ಜಿ-6-ಪಿಡಿ ಕಿಣ್ವದ ಕೊರತೆ ಇದೆ. ಯಾವುದೇ ಔಷಧ ಕೊಡುವ ಮೊದಲು ದಯವಿಟ್ಟು ಗಮನಿಸಿರಿ." ಹಿಂಬದಿಯಲ್ಲಿ ವೈದ್ಯರೊಬ್ಬರು ತಿದ್ದಿಕೊಟ್ಟ ಔಷಧಗಳ ಪಟ್ಟಿ. ಅದರಲ್ಲಿ ಅವರೆಯ ಹೆಸರಿಲ್ಲ. ಈ ಕಾರ್ಡನ್ನು ಗುಟ್ಟಾಗಿ ಇಡಬೇಕೆಂದು ಬಯಸುವ ಮನೆಯ ಮಾತನ್ನೂ ಗೌರವಿಸುತ್ತೇವೆ. ಆದರೆ ಔಷಧ ಕೊಡುವವರಿಂದ ಮಾತ್ರ ಮುಚ್ಚಿಡಬೇಡಿರೆಂದು ಕೇಳಿಕೊಳ್ಳುತ್ತೇವೆ.

ಮಕ್ಕಳಿಗೂ ಆ ವಾಕ್ಯವನ್ನು ಬಾಯಿಯಲ್ಲಿ ಹೇಳಲು ಕಲಿಸಿದ್ದೇವೆ. ತಾಯಿ ಜೊತೆಗಿರದ ದಿನ, ಕಾರ್ಡು ಮನೆಯಲ್ಲಿ ಮರೆತ ದಿನ, ನೆಂಟರ ಊರಿನಲ್ಲಿ ಜ್ವರ ಬಂದ ದಿನ ಆ ವಾಕ್ಯವೇ ಅವರಿಗೆ ಕಾವಲು. ಮುಂದೆ ದೊಡ್ಡವರಾಗಿ ಬೆಂಗಳೂರಿಗೋ ದುಬಾಯಿಗೋ ಹೋದಾಗ ನಾವಾರೂ ಅವರ ಜೊತೆ ಇರಲಾರೆವು.

ಆ ಹುಡುಗ ಈಗ ನಮ್ಮ ಶಾಲೆಯಲ್ಲಿಲ್ಲ, ಮೇಲಿನ ತರಗತಿಗೆ ಬೇರೆಡೆ ಹೋಗಿದ್ದಾನೆ. ಕಳೆದ ಮಳೆಗಾಲದಲ್ಲಿ ಒಮ್ಮೆ ಶಾಲೆಗೆ ಬಂದಿದ್ದ. ಕಾಲಿಗೆ ಗಾಯವಾಗಿ ಚಿಕಿತ್ಸೆಗೆ ಹೋದಾಗ ಕೇಳುವ ಮೊದಲೇ ತಾನೇ ಕಾರ್ಡು ತೋರಿಸಿದೆನೆಂದೂ, ವೈದ್ಯರು ಬರೆಯಲು ಹೊರಟ ಔಷಧವನ್ನು ನಿಲ್ಲಿಸಿ ಬೇರೆ ಬರೆದರೆಂದೂ ಹೇಳಿದ. ಆಮೇಲೆ ಅಡುಗೆಮನೆಯ ಕಡೆಗೆ ಹೋಗಿ ಅಕ್ಕನನ್ನು ಮಾತನಾಡಿಸಿ, ಹೆಸರುಕಾಳಿನ ಪಲ್ಯ ಹಾಕಿಸಿಕೊಂಡು ಎಲ್ಲರ ಜೊತೆ ಕುಳಿತು ಊಟ ಮಾಡಿ ಹೋದ.

ಹೆತ್ತವರೇ, ತಾವು ನಮ್ಮ ಕೈಗೆ ಕೊಡುವ ಪ್ರತಿಯೊಂದು ಹಾಳೆಯನ್ನೂ ಓದುತ್ತೇವೆಂದು ಈ ಶತಮಾನದ ಸಭೆಯಲ್ಲಿ ಮಾತು ಕೊಡುತ್ತೇವೆ. ತಮ್ಮ ಮನೆಯ ಪೆಟ್ಟಿಗೆಯಲ್ಲಿ, ಸೀರೆಗಳ ನಡುವೆ ಇನ್ನೂ ಇರಬಹುದಾದ ಚೀಟಿಯನ್ನು ನಾಳೆ ಶಾಲೆಗೆ ತನ್ನಿರಿ. ಓದಲು ಬಾರದೆಂಬ ಸಂಕೋಚ ಬೇಡ. ಒಟ್ಟಿಗೆ ಕುಳಿತು ಓದೋಣ.